ಸಂಗನಬಸಪ್ಪನವರ ಕೊನೆಯ ಸಾವು

ಟೆಕ್ಸಸ್‌ನ ಕನ್ನಡ ರಂಗಭೂಮಿಯಲ್ಲಿ ಸಂಗನಬಸಪ್ಪನವರಷ್ಟು ಸಲ ಸತ್ತವರು ಇನ್ನೊಬ್ಬರಿಲ್ಲ. ಹ್ಯೂಸ್ಟನ್‌ನಲ್ಲಿ ವಿಷ ಕುಡಿದು ಸತ್ತಿದ್ದಾರೆ, ಆಸ್ಟಿನ್‌ನಲ್ಲಿ ಕತ್ತಿಯೇಟಿಗೆ ಸತ್ತಿದ್ದಾರೆ, ಡಲ್ಲಾಸ್‌ನಲ್ಲಿ ಮಗಳ ಮದುವೆ ಮುರಿದ ಸುದ್ದಿ ಕೇಳಿ ಎದೆ ಹಿಡಿದುಕೊಂಡು ಸತ್ತಿದ್ದಾರೆ. ಒಮ್ಮೆಯಂತೂ ಪರದೆ ಏಳುವ ಮೊದಲೇ ಸತ್ತಿದ್ದರು. ಆ ನಾಟಕ ಶುರುವಾಗುವುದೇ ಅವರ ಹೆಣದಿಂದ. ಇಷ್ಟೆಲ್ಲ ಸತ್ತರೂ ಕರಪತ್ರದಲ್ಲಿ ಅವರ ಹೆಸರು ‘ಮತ್ತು ಇತರರು’ ಎಂಬುದರೊಳಗೆ ಸೇರಿಹೋಗುತ್ತಿತ್ತು.

ನಾನು ನಾಗಮಣಿ. ಊರು ಮೈಸೂರು, ಈಗ ಇರುವುದು ಆಸ್ಟಿನ್ ದಾಟಿ ಮೇಲಕ್ಕೆ, ಜಾರ್ಜ್‌ಟೌನ್‌ನಲ್ಲಿ. ಮೂರೂ ಊರಿನ ಕನ್ನಡ ಸಂಘಗಳು ಸೇರಿ ಆಡುವ ನಾಟಕಗಳಿಗೆಲ್ಲ ನಾನೇ ಪ್ರಾಂಪ್ಟರ್. ರಂಗದ ಪಕ್ಕದ ಕತ್ತಲಲ್ಲಿ ಪುಸ್ತಕ ಹಿಡಿದು ನಿಂತು, ಮರೆತವರಿಗೆ ಮಾತು ಹೇಳಿಕೊಡುವ ಕೆಲಸ. ಈ ಕೆಲಸ ಮಾಡಿದವರಿಗೆ ನಾಯಕನಟರ ಮೇಲೆ ಭಕ್ತಿ ಉಳಿಯುವುದಿಲ್ಲ. ಚಪ್ಪಾಳೆ ಅವರಿಗೆ, ಗಂಟಲು ನೋವು ನನಗೆ. ಸಂಗನಬಸಪ್ಪನವರಿಗೆ ಮಾತ್ರ ನಾನು ಒಂದು ದಿನವೂ ಒಂದು ಶಬ್ದವನ್ನೂ ಹೇಳಿಕೊಟ್ಟವಳಲ್ಲ. ಅವರಿಗೆ ತಮ್ಮ ಮಾತಷ್ಟೇ ಅಲ್ಲ, ಎಲ್ಲರ ಮಾತೂ ಬಾಯಿಪಾಠ. ರಾಣಿ ಮಾತಾಡುತ್ತಿದ್ದರೆ ಇವರ ತುಟಿ ಅಲ್ಲಾಡುತ್ತಿರುತ್ತದೆ. ಸತ್ತು ಮಲಗಿದಾಗಲೂ ಅಲ್ಲಾಡುತ್ತದೆ. ಅದಕ್ಕೇ ಅವರ ಹೆಣವನ್ನು ಮುಖ ಆಚೆಗೆ ತಿರುಗುವ ಹಾಗೆ ಮಲಗಿಸುವುದು ನಮ್ಮಲ್ಲಿ ರೂಢಿಯಾಗಿತ್ತು. ಹಲ್ಲಿದ್ದವರಿಗೆ ಕಡಲೆ ಇಲ್ಲ, ಕಡಲೆ ಇದ್ದವರಿಗೆ ಹಲ್ಲಿಲ್ಲ ಎಂಬ ಗಾದೆ ಮಾಡಿದವನು ನಮ್ಮ ತಾಲೀಮಿಗೆ ಬಂದು ಹೋಗಿರಬೇಕು.

ಅವರು ಗದಗಿನವರು. ಹ್ಯೂಸ್ಟನ್ ಬಳಿಯ ಕ್ಲಿಯರ್ ಲೇಕ್‌ನಲ್ಲಿ ಆಕಾಶನೌಕೆಗಳಿಗೆ ಬಿಡಿಭಾಗ ಮಾಡಿಕೊಡುವ ಒಂದು ಕಂಪನಿಯಲ್ಲಿ ಎಂಜಿನಿಯರ್ ಆಗಿದ್ದು ರಿಟೈರ್ ಆದವರು. ಅವರ ಪಾಲಿನ ಕೆಲಸ ವಾಲ್ವುಗಳದು. “ಮ್ಯಾಲ ಹೋದವರ ಹೆಸರು ಜಗತ್ತಿಗೆಲ್ಲಾ ಗೊತ್ತಾಗತೈತ್ರಿ. ಅವರಿಗೆ ಗಾಳಿ ಬಿಟ್ಟ ವಾಲ್ವಿನ ಹೆಸರು ಯಾರ ಕೇಳ್ತಾರ? ಅಲ್ಲೂ ನಾ ಪೋಷಕ ನಟನ ನೋಡ್ರಿ,” ಎಂದು ನಗುತ್ತಿದ್ದರು. ಮನೆ ಹ್ಯೂಸ್ಟನ್ ಅಂಚಿನ ಮಿಸೌರಿ ಸಿಟಿಯಲ್ಲಿ. ಹೆಂಡತಿ ಸುಮಿತ್ರವ್ವ. ಆಕೆಯ ಕೈಯ ಜೋಳದ ರೊಟ್ಟಿ ತಿನ್ನಲು ಜನ ಆಸ್ಟಿನ್‌ನಿಂದ ಡ್ರೈವ್ ಮಾಡಿಕೊಂಡು ಹೋಗುತ್ತಾರೆ. ಆ ಜನದಲ್ಲಿ ನಾನೂ ಒಬ್ಬಳು.

ಅವರು ರಂಗಕ್ಕೆ ಬಂದದ್ದೂ ಕುರ್ಚಿ ಜೋಡಿಸುವುದಕ್ಕೆ. ಹ್ಯೂಸ್ಟನ್‌ನ ಯುಗಾದಿ ಕಾರ್ಯಕ್ರಮ. ಆಗಿನ್ನೂ ಅವರ ತಲೆ ತುಂಬ ಕೂದಲು. ದೂತನ ಪಾತ್ರದವರ ವಿಮಾನ ತಡವಾಯಿತು. ಇರುವುದು ಒಂದೇ ಮಾತು, ಯಾರಾದರೇನು ಎಂದು ಕುರ್ಚಿ ಹೊರುತ್ತಿದ್ದ ಇವರ ತಲೆಗೆ ಪೇಟ ಇಟ್ಟು ತಳ್ಳಿದರು. ‘ಪ್ರಭೂ, ಶತ್ರುಸೈನ್ಯವು ಕೋಟೆಯ ಬಾಗಿಲಿಗೆ ಬಂದಿದೆ’ ಎನ್ನಬೇಕಿತ್ತು. ಇವರು ಓಡಿಬಂದು, ಏದುಸಿರು ಬಿಟ್ಟು, “ಪ್ರಭೂ, ಶತ್ರುಸೈನ್ಯ ಕ್ವಾಟಿ ಬಾಗಲಕ್ಕ ಬಂದೈತ್ರಿ!” ಎಂದರು. ಸಭೆ ನಕ್ಕಿತು. ರಾಜನೂ ನಕ್ಕ. ಇವರಿಗೆ ಯಾಕೆಂದೇ ತಿಳಿಯಲಿಲ್ಲ. “ಸುದ್ದಿ ಹೇಳಾಂವ ಗದಗಿನಾಂವ ಇರಬಾರದೇನ್ರಿ? ಸೈನ್ಯ ಅಂತೂ ಬಂದಿತ್ತಲ್ಲ,” ಎಂದು ಇವತ್ತಿಗೂ ಕೇಳುತ್ತಾರೆ.

ಅಲ್ಲಿಂದ ಶುರುವಾದದ್ದು ನಿಲ್ಲಲಿಲ್ಲ. ಮಂತ್ರಿ, ಹೆಣ್ಣಿನ ತಂದೆ, ಎಲ್ಲ ಮುಗಿದ ಮೇಲೆ ಬರುವ ಇನ್‌ಸ್ಪೆಕ್ಟರ್, ‘ಇನ್ನು ಎಲ್ಲ ದೇವರ ಕೈಯಲ್ಲಿದೆ’ ಎಂದು ಹೇಳಿ ಸ್ಟೆತಾಸ್ಕೋಪ್ ತೆಗೆಯುವ ಡಾಕ್ಟರ್. ಒಮ್ಮೆ ಅಮೆರಿಕದವರ ಕ್ಯಾಮೆರಾ ಮುಂದೆಯೂ ನಿಂತರು. ಆಸ್ಟಿನ್‌ನಲ್ಲಿ ಯಾವುದೋ ಟಿವಿ ಸೀರಿಯಲ್ಲಿನ ಆಸ್ಪತ್ರೆ ದೃಶ್ಯಕ್ಕೆ ಹಿಂದೆ ಓಡಾಡುವ ಡಾಕ್ಟರು ಬೇಕಾಗಿದ್ದರು. ನಮ್ಮವರ ಮುಖ ನೋಡಿದರೆ ಅಲ್ಲಿಯವರಿಗೆ ಡಾಕ್ಟರೇ ಕಾಣುವುದು, ಏನು ಮಾಡೋಣ. ಅದು ಪ್ರಸಾರವಾದ ದಿನ ಅವರ ಮನೆಯಲ್ಲಿ ಜಾತ್ರೆ. ಗಿರಮಿಟ್ಟು, ಮಿರ್ಚಿ, ಚಹಾ. ಎಲ್ಲರೂ ಟಿವಿಗೆ ಕಣ್ಣು ಅಂಟಿಸಿ ಕೂತೆವು. ಆಸ್ಪತ್ರೆ ಬಂತು, ಹೋಯಿತು. ನಮಗೆ ಯಾರೂ ಕಾಣಲಿಲ್ಲ. ಸುಮಿತ್ರವ್ವ ಮಾತ್ರ, “ನಿಂದರ್ಸ್ರಿ, ಹಿಂದಕ ಹೋಗ್ರಿ!” ಎಂದು ಕೂಗಿದರು. ಹಿಂದಕ್ಕೆ ಹೋದೆವು. ಪರದೆಯ ಅಂಚಿನಲ್ಲಿ ಬಿಳಿ ಕೋಟಿನ ಒಂದು ಮೊಣಕೈ. “ಇದು ನಮ್ಮವರದ. ಕೈ ಮಡಚೂ ರೀತಿ ನೋಡ್ರಿ,” ಎಂದರು. ಮೊಣಕೈಯನ್ನು ನಿಲ್ಲಿಸಿಟ್ಟು ಎಲ್ಲರೂ ಚಪ್ಪಾಳೆ ತಟ್ಟಿದೆವು. ಸಂಗನಬಸಪ್ಪನವರು ಎದ್ದು ನಿಂತು ಕೈಮುಗಿದರು.

ಇಷ್ಟಕ್ಕೇ ತೃಪ್ತರಾಗಿದ್ದರೆ ಈ ಕಥೆ ಇರುತ್ತಿರಲಿಲ್ಲ. ಆದರೆ ಆ ಮನುಷ್ಯನಿಗೆ ಒಂದೇ ಒಂದು ಆಸೆ ಇತ್ತು. ಒಂದು ವನ್ಸ್ ಮೋರ್.

ನಮ್ಮ ಮೈಸೂರು ಕಡೆಯ ಹೊಸಬರಿಗೆ ಇದು ಗೊತ್ತಿಲ್ಲ, ಹೇಳಬೇಕು. ಅವರ ಕಡೆ ಕಂಪನಿ ನಾಟಕಗಳಲ್ಲಿ ಒಂದು ಹಾಡೋ ಒಂದು ಪ್ರವೇಶವೋ ಜನರ ಮನಸ್ಸಿಗೆ ಹಿಡಿಸಿತೆಂದರೆ ‘ವನ್ಸ್ ಮೋರ್’ ಎಂದು ಕೂಗುತ್ತಾರೆ. ಕೂಗಿದರೆ ಮುಗಿಯಿತು, ನಟ ಅದನ್ನು ಮತ್ತೆ ಮಾಡಲೇಬೇಕು. ಕಥೆ ಕಾಯುತ್ತದೆ. ಸಂಗನಬಸಪ್ಪನವರ ಸೋದರಮಾವ ಕಂಪನಿಯೊಂದರಲ್ಲಿ ಹಾರ್ಮೋನಿಯಂ ನುಡಿಸುತ್ತಿದ್ದರಂತೆ. ಅವರ ಪಕ್ಕದಲ್ಲಿ ಕೂತು ಇವರು ಒಂದು ಸಾವು ನೋಡಿದರು. ನಾಯಕನದಲ್ಲ, ಅವನ ಮುದಿ ಸೇವಕನದು. ಜನ ವನ್ಸ್ ಮೋರ್ ಎಂದರು. ಹೆಣ ಎದ್ದಿತು, ಮೈಮೇಲಿನ ಧೂಳು ಝಾಡಿಸಿಕೊಂಡಿತು, ಸಭೆಗೆ ನಮಸ್ಕಾರ ಮಾಡಿ, ಮೊದಲಿಗಿಂತ ಚೆನ್ನಾಗಿ ಮತ್ತೆ ಸತ್ತಿತು. “ರಾಜಾನ ಹೆಸರ ನೆನಪಿಲ್ರಿ ನಂಗ. ಆ ಆಳು ಮನಿಷ್ಯಾ ಇನ್ನೂ ಕಣ್ಣಾಗ ಅದಾನ,” ಎನ್ನುತ್ತಿದ್ದರು. ಸಣ್ಣ ಪಾತ್ರದವನಿಗೂ ಸಿಗಬಹುದಾದ ರಾಜಪದವಿ ಅದೊಂದೇ ಎಂದು ಅವರ ತಲೆಯಲ್ಲಿ ಕೂತುಬಿಟ್ಟಿತ್ತು.

ಹಾಗೆ ನೋಡಿದರೆ ಒಮ್ಮೆ ಸಿಕ್ಕಿತ್ತು, ಆಸ್ಟಿನ್‌ನಲ್ಲಿ. ಕತ್ತಿಯೇಟಿಗೆ ಸತ್ತಾಗ ಸಭೆಯ ಮಧ್ಯದಿಂದ ಒಂಟಿ ದನಿ, “ವನ್ಸ್ ಮೋರ್!” ಆ ದನಿ ಸುಮಿತ್ರವ್ವನದು. ಹೆಣ ಮಿಸುಕಲಿಲ್ಲ. ವಾಪಸ್ ಹ್ಯೂಸ್ಟನ್‌ವರೆಗೆ ಕಾರಿನಲ್ಲಿ ಒಂದು ಮಾತೂ ಆಡಲಿಲ್ಲವಂತೆ. ಮನೆ ಬಾಗಿಲಲ್ಲಿ ಚಪ್ಪಲಿ ಬಿಡುತ್ತಾ, “ಹೆಂಡ್ತಿ ಕೊಟ್ಟ ವನ್ಸ್ ಮೋರ್ ಮನಿ ಉಪ್ಪಿಟ್ಟು ಇದ್ದಂಗ. ಹೊಟ್ಟಿ ತುಂಬತೈತಿ, ಹೆಸರು ಬರೂದಿಲ್ಲ,” ಎಂದರಂತೆ. ಅಷ್ಟಕ್ಕೇ ಬಿಡದೆ, ಇನ್ನು ಮುಂದೆ ನಾನು ವನ್ಸ್ ಮೋರ್ ಕೂಗುವುದಿಲ್ಲ, ಯಾರಿಂದಲೂ ಕೂಗಿಸುವುದಿಲ್ಲ ಎಂದು ಆಕೆಯಿಂದ ಆಣೆ ಮಾಡಿಸಿದರು. ಸುಮಿತ್ರವ್ವ ಅದನ್ನು ನನಗೆ ಹೇಳಿ, “ನೋಡ್ರಿ, ನಾ ತಿರಗಿ ಬಾಯಿ ತಗದರ ಕೇಳ್ರಿ,” ಎಂದು ಸಿಟ್ಟಿನಲ್ಲಿ ರೊಟ್ಟಿ ಬಡಿದಿದ್ದರು. ಆ ದಿನದ ರೊಟ್ಟಿ ಬಹಳ ತೆಳ್ಳಗಾಗಿತ್ತು.

ಈಗ ಹೋದ ವರ್ಷದ ರಾಜ್ಯೋತ್ಸವಕ್ಕೆ ಬರೋಣ. ಮೂರು ಸಂಘಗಳು ಸೇರಿ ಡಲ್ಲಾಸ್ ಪಕ್ಕದ ಪ್ಲೇನೋದಲ್ಲಿ, ಒಂದು ಶಾಲೆಯ ದೊಡ್ಡ ಸಭಾಂಗಣದಲ್ಲಿ, ಕಂಪನಿ ಶೈಲಿಯ ಐತಿಹಾಸಿಕ ನಾಟಕ ಆಡುವುದೆಂದಾಯಿತು. ಬರೆದವರೂ ನಿರ್ದೇಶಿಸಿದವರೂ ಪ್ಲೇನೋದ ಮಧ್ವೇಶ. ಬ್ಯಾಂಕೊಂದರ ಸಾಫ್ಟ್‌ವೇರ್ ನೋಡಿಕೊಳ್ಳುವ ಮನುಷ್ಯ. ನಾಟಕವನ್ನೂ ಹಾಗೇ ನೋಡಿಕೊಂಡರು. ಮೊದಲ ಮೀಟಿಂಗ್‌ನಲ್ಲೇ, “ನಾಗಮಣಿ ಆಂಟಿ, ಈ ಸಲ ನಾವು ಪ್ರಾಂಪ್ಟಿಂಗ್ ಪೂರ್ತಿ ಆಟೋಮೇಟ್ ಮಾಡ್ತಾ ಇದೀವಿ. ನೀವು ಪಾಪ ಎಷ್ಟು ವರ್ಷ ಅಂತ ಕೂಗ್ತೀರ? ಕರ್ಟನ್ ನೋಡ್ಕೊಳ್ಳಿ, ಆರಾಮಾಗಿರುತ್ತೆ,” ಎಂದರು. ಬೆಣ್ಣೆಯಿಂದ ಕೂದಲು ತೆಗೆದ ಹಾಗೆ ನನ್ನನ್ನು ತೆಗೆದು ಪರದೆಯ ಹಗ್ಗಕ್ಕೆ ಕಟ್ಟಿದರು. ಮೇಲಾಗಿ ಆಂಟಿ! ಅವರಿಗೂ ನನಗೂ ಎಷ್ಟು ಮಹಾ ವ್ಯತ್ಯಾಸ? ನನಗೆ ಬಂದ ಸಿಟ್ಟು ಇವತ್ತಿಗೂ ಪೂರ್ತಿ ಇಳಿದಿಲ್ಲ.

ಆಟೋಮೇಟ್ ಎಂದರೆ ಏನು? ಒಂದು ಫೋನು. ರಾಜ ವೀರವರ್ಮನ ಪಾತ್ರ ಅನೂಪ್ ಎಂಬ ಬೆಂಗಳೂರಿನ ಹುಡುಗನದು. ಆಸ್ಟಿನ್‌ನಲ್ಲಿ ಚಿಪ್ ಡಿಸೈನ್ ಮಾಡುತ್ತಾನೆ. ಎತ್ತರ, ಬಣ್ಣ, ಕಂಠ ಎಲ್ಲ ಇದೆ, ನೆನಪು ಮಾತ್ರ ಇಲ್ಲ. ಅವನ ಗುರಾಣಿಯ ಒಳಗಡೆ ಫೋನ್ ಅಂಟಿಸಿದರು. ಅದರಲ್ಲಿ ಮಾತುಗಳು ದೊಡ್ಡ ಅಕ್ಷರದಲ್ಲಿ ತಾವೇ ಮೇಲಕ್ಕೆ ಸರಿಯುತ್ತಾ ಹೋಗುತ್ತವೆ. ರಾಜ ಗುರಾಣಿ ನೋಡಿಕೊಂಡು ಪ್ರೇಮದ ಮಾತಾಡುತ್ತಿದ್ದರೆ ರಾಣಿಯ ಗತಿಯೇನು? ಯಾರೂ ಕೇಳಲಿಲ್ಲ.

ಸಂಗನಬಸಪ್ಪನವರದು ವೃದ್ಧ ದಳವಾಯಿಯ ಪಾತ್ರ. ಎರಡನೇ ಅಂಕದ ಕೊನೆಗೆ ಬಾಣ ತಗುಲಿ ರಾಜನ ತೊಡೆಯ ಮೇಲೆ ಸಾಯಬೇಕು. ಅದಕ್ಕೆ ರಾಜ ಉದ್ದಕ್ಕೆ ಗೋಳಾಡಬೇಕು. ಪಾತ್ರ ಕೊಟ್ಟ ದಿನ ಅವರು ನನ್ನನ್ನು ಪಕ್ಕಕ್ಕೆ ಕರೆದು, “ನಾಗಮಣಿಯವ್ರ, ಇದು ನನ್ನ ಕಡೀ ಸಾವು,” ಎಂದರು. ಹಾಗೆಲ್ಲ ಅನ್ನಬೇಡಿ ಎಂದೆ. ವಿಷಯ ಅಷ್ಟು ದೊಡ್ಡದಲ್ಲ, ಮೊಣಕಾಲು. ಎರಡೂ ಸವೆದುಹೋಗಿವೆ, ಡಿಸೆಂಬರ್‌ನಲ್ಲಿ ಆಪರೇಶನ್. ಆಮೇಲೆ ಎಲ್ಲೂ ಬೀಳುವ ಹಾಗಿಲ್ಲ ಎಂದು ಡಾಕ್ಟರ್ ಕಟ್ಟುನಿಟ್ಟಾಗಿ ಹೇಳಿದ್ದರು. “ಬೀಳಲಾರದಂಗ ಹೆಂಗ್ರಿ ಸಾಯೂದು? ಕುರ್ಚಿ ಮ್ಯಾಲ ಕುಂತು ಸತ್ತರ ಅದು ಸಾವ ಅಲ್ಲ, ನಿದ್ದಿ. ಈ ಸಲರೆ ಯಾರರ ಒಬ್ಬರು, ನಮ್ಮವರಲ್ಲದವರು, ವನ್ಸ್ ಮೋರ್ ಅಂದ್ರ ಸಾಕ್ರಿ. ಸುಖದಿಂದ ಮೊಣಕಾಲ ಕೊಯ್ಸಿಕೊಂತೀನಿ,” ಎಂದರು. ನಗುತ್ತಲೇ ಹೇಳಿದರು. ಆದರೆ ನನಗೆ ನಗಲಾಗಲಿಲ್ಲ.

ತಾಲೀಮು ಮೂರು ಊರಲ್ಲಿ ಸರದಿಯಂತೆ, ಉಳಿದ ದಿನ ಝೂಮ್‌ನಲ್ಲಿ. ಝೂಮ್‌ನಲ್ಲಿ ಅವರು ಸತ್ತರೆ ನಮಗೆ ಕಾಣುತ್ತಿದ್ದುದು ಖಾಲಿ ಕುರ್ಚಿ, ತಿರುಗುವ ಫ್ಯಾನು. ಮಧ್ವೇಶ, “ಅಂಕಲ್, ನೀವು ಮ್ಯೂಟ್ ಆಗಿದ್ದೀರ,” ಎನ್ನುವರು. ಕೆಳಗಿಂದ, “ಸತ್ತೀನ್ರಿ!” ಎಂದು ಉತ್ತರ ಬರುವುದು.

ಮನೆಯೊಳಗೆ ಬೀಳಲು ಜಾಗ ಸಾಲದೆ ಹಿತ್ತಿಲಿನ ಹುಲ್ಲಿನ ಮೇಲೆ ಅಭ್ಯಾಸ ಶುರುಮಾಡಿದರು. ಒಂದು ಶನಿವಾರ ಬೆಳಿಗ್ಗೆ ಎದೆಗವಚ ಕಟ್ಟಿಕೊಂಡು, ಕಂಕುಳಲ್ಲಿ ಬಾಣ ಸಿಗಿಸಿಕೊಂಡು ಬಿದ್ದವರು ಬಹಳ ಹೊತ್ತು ಏಳಲಿಲ್ಲ, ಪಾತ್ರದಲ್ಲಿ ಮುಳುಗಿದ್ದರು. ಬೇಲಿಯಾಚೆಯ ಅಮೆರಿಕನ್ ಅಜ್ಜಿ ಆಂಬುಲೆನ್ಸ್ ಕರೆಸಿಬಿಟ್ಟಳು. ಬಂದವರು ನಾಡಿ ಹಿಡಿದರು, ಕಣ್ಣಿಗೆ ಬ್ಯಾಟರಿ ಬಿಟ್ಟರು, ಬಾಣ ಎಷ್ಟು ಆಳ ಹೋಗಿದೆ ಎಂದು ನೋಡಿದರು. “ಅಷ್ಟು ಕಾಳಜಿಲೆ ನನ್ನ ಸಾವು ಯಾರೂ ನೋಡಿದ್ದಿಲ್ರಿ. ಮುಂದಿನ ಸಾಲಿನಾಗ ಅಂಥಾವ್ರು ನಾಲ್ಕು ಮಂದಿ ಇದ್ರ ಸಾಕು,” ಎಂದು ಅವರು ಎಲ್ಲರಿಗೂ ಹೇಳಿಕೊಂಡು ನಕ್ಕರು. ನಾವೂ ಹೊಟ್ಟೆ ಹಿಡಿದುಕೊಂಡು ನಕ್ಕೆವು.

ಸುಮಿತ್ರವ್ವ ನಗಲಿಲ್ಲ. ಮುಂದಿನ ವಾರ ನಾನು ರೊಟ್ಟಿಗೆಂದು ಹೋದಾಗ ಒಲೆಯ ಮುಂದೆ ನಿಂತೇ ಹೇಳಿದರು. “ನಾ ಬಾಗಲಾ ತಗದು ನೋಡ್ತೀನಿ, ನಮ್ಮವ್ರು ನೆಲದ ಮ್ಯಾಲ, ಸುತ್ತ ಆಂಬುಲೆನ್ಸಿನವ್ರು. ಒಂದ ಕ್ಷಣ ನಾ ಖರೇನ ಅಂತ ತಿಳಕೊಂಡ್ನಿ, ನಾಗಮಣಿಯವ್ರ. ಆ ಕ್ಷಣ ಇನ್ನೂ ಎದಿಯಾಗ ಕುಂತೈತಿ. ಅವತ್ತಿನಿಂದ ನಂಗ ಅವರು ಸಾಯೂದು ನೋಡಾಕ ಆಗವಲ್ದು.” ನಾನು ತಟ್ಟೆಯಲ್ಲಿದ್ದ ಬಿಸಿ ರೊಟ್ಟಿ ತಿಂದೆ.

ನಾಟಕದ ದಿನ ಮಿಸೌರಿ ಸಿಟಿಯಿಂದ ಉತ್ತರ ಕರ್ನಾಟಕದ ಮಂದಿ ಎರಡು ದೊಡ್ಡ ವ್ಯಾನಿನಲ್ಲಿ ಬಂದಿಳಿದರು. ಸುಮಿತ್ರವ್ವ ಎಲ್ಲರನ್ನೂ ಒಂದೇ ಸಾಲಿನಲ್ಲಿ ಕೂರಿಸಿ, ಯಾರೂ ವನ್ಸ್ ಮೋರ್ ಎನ್ನಬಾರದು, ಅಂದವರಿಗೆ ವಾಪಸ್ ಹೋಗುವಾಗ ಬುತ್ತಿ ಇಲ್ಲ ಎಂದು ತಾಕೀತು ಮಾಡಿದರು. ಆಣೆ ಎಂದರೆ ಆಣೆ. ಆ ಸಭೆಯಲ್ಲಿ ವನ್ಸ್ ಮೋರ್ ಎಂದರೇನೆಂದು ಬಲ್ಲವರೇ ಆ ಒಂದು ಸಾಲು. ಅವರ ಬಾಯಿಗೇ ಬೀಗ. ಉಳಿದವರೆಲ್ಲ ನಮ್ಮ ಬೆಂಗಳೂರು, ಮೈಸೂರಿನವರು. ಬಹಳ ಮೆಚ್ಚಿದರೆ ಫೋನ್ ಎತ್ತಿ ವೀಡಿಯೋ ಮಾಡುತ್ತಾರೆ.

ಎರಡನೇ ಅಂಕ ಬಂತು. ಬಾಣ ತಗುಲಿತು. ದಳವಾಯಿ ತತ್ತರಿಸಿ ಮೂರು ಹೆಜ್ಜೆ ಹಿಂದೆ ಸರಿದು, ಎರಡು ಹೆಜ್ಜೆ ಮುಂದೆ ಬಂದು, ಕತ್ತಿಯೂರಿ ನಿಂತು, ಕೋಟೆಯತ್ತ ನೋಡಿ, ರಾಜನತ್ತ ನೋಡಿ, ಮಣ್ಣು ಮುಟ್ಟಿ ಹಣೆಗೆ ಹಚ್ಚಿಕೊಂಡು, ಇನ್ನೇನು ಬಿದ್ದರು ಎನ್ನುವಾಗ ಮತ್ತೆ ಎದ್ದರು. ತಾಲೀಮಿನಲ್ಲಿ ಇದಾವುದೂ ಇರಲಿಲ್ಲ. ಕೊನೆಯ ಸಾವಲ್ಲವೇ, ಕಡಿಮೆ ಮಾಡಲು ಮನಸ್ಸು ಬರಲಿಲ್ಲ. ಎದುರಿನ ಪಕ್ಕದಲ್ಲಿ ನಿಂತ ಮಧ್ವೇಶ ವಾಚು ತೋರಿಸಿ ತೋರಿಸಿ ಸುಸ್ತಾದರು. ಸಾಯುವವನಿಗೆ ವಾಚಿನ ಹಂಗೇನು? ಕಡೆಗೂ ರಾಜನ ತೊಡೆಯ ಮೇಲೆ ತಲೆಯಿಟ್ಟು ಪ್ರಾಣ ಬಿಟ್ಟರು. ಬಹಳ ಚೆನ್ನಾಗಿಯೇ ಬಿಟ್ಟರು.

ಸಭೆಯಲ್ಲಿ ಯಾರೋ ನಾಲ್ಕು ಜನ ಚಪ್ಪಾಳೆ ತಟ್ಟಿದರು. ಅಷ್ಟೇ. ಸುಮಿತ್ರವ್ವನ ಸಾಲಿನವರು ಕೈ ಕಟ್ಟಿ ಕೂತಿದ್ದರು. ಹಗ್ಗ ಹಿಡಿದು ನಿಂತ ನನಗೇ ಕೂಗಿಬಿಡಬೇಕೆನ್ನಿಸಿತು. ಆದರೆ ಅದೂ ಉಪ್ಪಿಟ್ಟೇ ಆಗುತ್ತಿತ್ತು.

ಈಗ ರಾಜ ಗೋಳಾಡಬೇಕು. ಅನೂಪ್ ಗುರಾಣಿ ನೋಡಿದ. ಇಲ್ಲೇ ಎಡವಟ್ಟಾಯಿತು. ದಳವಾಯಿ ಸಾಯುತ್ತಲೇ ಇದ್ದರಲ್ಲ, ಅಷ್ಟು ಹೊತ್ತೂ ಫೋನಿನೊಳಗೆ ಮಾತುಗಳು ಸರಿಯುತ್ತಲೇ ಇದ್ದವು. ಗೋಳಾಟ ಯಾವಾಗಲೋ ಮೇಲೆ ಹೋಗಿ, ಮೂರನೇ ಅಂಕದ ವಿಜಯೋತ್ಸವ ಬಂದು ನಿಂತಿತ್ತು. ಹುಡುಗ ಹೆಣವನ್ನು ತೊಡೆಯ ಮೇಲಿಟ್ಟುಕೊಂಡು, ಕಂಚಿನ ಕಂಠದಲ್ಲಿ, “ಆಹಾ! ಎಂಥ ಶುಭದಿನ! ಬೀದಿಬೀದಿಗೆ ತೋರಣ ಕಟ್ಟಿ, ಎಲ್ಲರಿಗೂ ಸಿಹಿ ಹಂಚಿ!” ಎಂದ.

ಸಭೆ ತಬ್ಬಿಬ್ಬಾಯಿತು. ಅನೂಪನಿಗೂ ಅರ್ಥವಾಯಿತು. ಗುರಾಣಿ ಅಲ್ಲಾಡಿಸಿದ, ತಿರುಗಿಸಿದ, ಹೆಬ್ಬೆರಳಿನಿಂದ ಉಜ್ಜಿದ. ಫೋನು ಮುಂದಿನ ತಿಂಗಳ ಲಾವಣಿ ಕಾರ್ಯಕ್ರಮದ ಜಾಹೀರಾತು ತೋರಿಸಿತೋ ಏನೋ, ಅವನ ಮುಖ ಬಿಳಿಚಿಕೊಂಡಿತು. ನಾನು ಪಕ್ಕದಿಂದ ಪಿಸುಗುಟ್ಟಿದೆ. ಅವನಿಗೆ ಕೇಳಲಿಲ್ಲ.

ಆಗ ಹೆಣ ಬಾಯಿ ಬಿಟ್ಟಿತು.

“ಹಾ ದಳವಾಯಿ, ಅನ್ನು,” ಎಂದಿತು.

ಇಲ್ಲಿ ಒಂದು ವಿಷಯ ಹೇಳಬೇಕು. ಎಲ್ಲರ ಎದೆಗೂ ಸಣ್ಣ ಮೈಕು ಸಿಗಿಸಿದ್ದರು. ಸತ್ತವರ ಮೈಕನ್ನು ಕೂಡಲೇ ಆರಿಸಬೇಕೆಂದು ಮಧ್ವೇಶರ ಆಜ್ಞೆ. ಸೌಂಡ್ ನೋಡಿಕೊಳ್ಳುತ್ತಿದ್ದವಳು ಅನೂಪನ ಹೆಂಡತಿ ಪ್ರಗತಿ. ಗಂಡನ ಗೋಳಾಟ ಬಂತೆಂದು ಅವಳು ಎರಡೂ ಕೈಯಲ್ಲಿ ಫೋನ್ ಹಿಡಿದು ವೀಡಿಯೋ ಮಾಡುತ್ತಿದ್ದಳು. ಹಾಗಾಗಿ ಹೆಣದ ಪಿಸುಮಾತು ಸಭಾಂಗಣದ ಎಲ್ಲ ಸ್ಪೀಕರಿನಲ್ಲೂ ಮೊಳಗಿತು. ರಂಗದ ಮೇಲಿದ್ದ ಇಬ್ಬರಿಗೆ ಮಾತ್ರ ಆ ಗಡಿಬಿಡಿಯಲ್ಲಿ ಅದು ತಿಳಿಯಲಿಲ್ಲ.

“ಹಾ ದಳವಾಯಿ!” ಎಂದ ರಾಜ.

“ಕ್ವಾಟಿ ಕಲ್ಲು ಬಿದ್ರ ಮತ್ತೊಂದು ಕಲ್ಲು ಇಡಬಹುದು,” ಎಂದಿತು ಹೆಣ.

“ಕ್ವಾಟಿ ಕಲ್ಲು ಬಿದ್ರ ಮತ್ತೊಂದು ಕಲ್ಲು ಇಡಬಹುದು!”

“ನೀ ಬಿದ್ದ ಜಾಗಾದಾಗ ಯಾರನ್ನ ನಿಂದರಸ್ಲಿ?”

“ನೀ ಬಿದ್ದ ಜಾಗಾದಾಗ ಯಾರನ್ನ ನಿಂದರಸ್ಲಿ?”

“ಎದಿ ಬಡ್ಕೋ.”

“ಎದಿ ಬಡ್ಕೋ!” ಎಂದು ರಾಜ ಗರ್ಜಿಸಿದ.

“ಲೇ ಅದಲ್ಲೋ, ಮಾಡು! ಮತ್ತ ನನ್ನ ತಲಿ ಸ್ವಲ್ಪ ಎತ್ತು, ಕುತ್ತಿಗಿ ನೋವಾಗತೈತಿ.”

“ಮತ್ತ ನನ್ನ ತಲಿ ಸ್ವಲ್ಪ ಎತ್ತು, ಕುತ್ತಿಗಿ ನೋವಾಗತೈತಿ!” ಎಂದು ವೀರವರ್ಮ ಮಹಾರಾಜ ಆಕಾಶಕ್ಕೆ ಕೈಯೆತ್ತಿ ಗೋಳಾಡಿದ.

ನಗೆ ಎಂದರೆ ಅಂಥ ನಗೆಯನ್ನು ನಾನು ಈ ದೇಶಕ್ಕೆ ಬಂದಮೇಲೆ ಕೇಳಿಲ್ಲ. ಜನ ಕುರ್ಚಿಯಿಂದ ಜಾರಿದರು. ಕನ್ನಡ ಅರ್ಥವಾದರೂ ಇಂಗ್ಲಿಷಿನಲ್ಲೇ ಉತ್ತರ ಕೊಡುವ ನಮ್ಮ ಮಕ್ಕಳೆಲ್ಲ ಬಿದ್ದು ಬಿದ್ದು ನಕ್ಕವು. ಆ ಗದ್ದಲದ ನಡುವೆ, ಕಟ್ಟಕಡೆಯ ಸಾಲಿನಿಂದ, ಕಂಡು ಕೇಳರಿಯದ ಒಂದು ಗಂಡು ದನಿ ಬಂತು.

“ವನ್ಸ್ ಮೋರ್!”

ಅದು ಯಾರೆಂದು ಇವತ್ತಿಗೂ ಗೊತ್ತಿಲ್ಲ. ಹಿಂದೆಯೇ ಇನ್ನೊಂದು ದನಿ, ಹತ್ತು ದನಿ. ಅರ್ಥ ಗೊತ್ತಿದ್ದವರು, ಗೊತ್ತಿಲ್ಲದವರು, ಮಕ್ಕಳು, ಊಟದ ಕೌಂಟರ್ ಬಿಟ್ಟು ಓಡಿಬಂದವರು, ಇಡೀ ಸಭೆ ಕಾಲು ಬಡಿದು ವನ್ಸ್ ಮೋರ್, ವನ್ಸ್ ಮೋರ್ ಎಂದು ಕೂಗತೊಡಗಿತು.

ಹೆಣ ಒಂದು ಕಣ್ಣು ತೆರೆದು ನನ್ನತ್ತ ನೋಡಿತು. “ನಾಗಮಣಿಯವ್ರ, ಅವ್ರು ನಮ್ಮ ಮಂದಿ ಏನ್ರಿ?” ಆ ಪ್ರಶ್ನೆಯೂ ಎಲ್ಲ ಸ್ಪೀಕರಿನಲ್ಲಿ ಕೇಳಿಸಿತು.

ನಾನು ಇಣುಕಿ ನೋಡಿದೆ. ಮಿಸೌರಿ ಸಿಟಿಯ ಸಾಲಿನವರು ಬುತ್ತಿಯ ಭಯಕ್ಕೆ ಬಾಯಿಗೆ ಕೈ ಅಡ್ಡ ಹಿಡಿದು ಕೂತಿದ್ದರು. ಸುಮಿತ್ರವ್ವ ಸೆರಗಿನ ತುದಿಯನ್ನು ಬಾಯಿಗೆ ತುರುಕಿಕೊಂಡಿದ್ದರು. ನಾನು ನನ್ನ ಜೀವಮಾನದ ಪ್ರಾಂಪ್ಟಿಂಗ್ ಎಲ್ಲ ಸೇರಿಸಿ ಕೂಗಿದೆ. “ಅಲ್ಲ ಸಂಗಣ್ಣಾ! ನಿಮ್ಮವರು ಬಾಯೇ ತೆಗೆದಿಲ್ಲ! ಇವರೆಲ್ಲ ಬೇರೆಯವರು!”

“ಹಂಗಾರ ನನ್ನ ಎಬ್ಬಸ್ರಿ,” ಎಂದರು.

ಎದುರಿನಿಂದ ಮಧ್ವೇಶ ಪರದೆ ಬಿಡಿ, ಪರದೆ ಬಿಡಿ ಎಂದು ಕೈ ಬೀಸುತ್ತಿದ್ದರು. ಹಗ್ಗ ನನ್ನ ಕೈಯಲ್ಲಿತ್ತು. ಅವರೇ ಕೊಟ್ಟದ್ದು. ನಾನು ಅದನ್ನು ಕಂಬಕ್ಕೆ ಎರಡು ಸುತ್ತು ಬಿಗಿದು ಅವರತ್ತ ನೋಡಿ ಕೈಮುಗಿದೆ.

ರಾಜನೂ ಪಕ್ಕದಿಂದ ಓಡಿಬಂದ ಇಬ್ಬರು ಸೈನಿಕರೂ ಸೇರಿ ದಳವಾಯಿಯನ್ನು ಎತ್ತಿ ನಿಲ್ಲಿಸಿದರು. ಅವರು ಕವಚದ ಧೂಳು ಝಾಡಿಸಿಕೊಂಡರು. ಕೆಳಗೆ ಬಿದ್ದಿದ್ದ ಬಾಣ ಎತ್ತಿ ಮತ್ತೆ ಕಂಕುಳಿಗೆ ಸಿಗಿಸಿಕೊಂಡರು. ಸಭೆಗೆ ಉದ್ದಕ್ಕೂ ನಮಸ್ಕಾರ ಮಾಡಿದರು. ಜನ ನಗಲು ಸಿದ್ಧರಾಗಿ ಕೂತರು. ನನಗೆ ಪಿಚ್ಚೆನಿಸಿತು. ಜನ ವನ್ಸ್ ಮೋರ್ ಎಂದದ್ದು ಸಾವಿಗಲ್ಲ, ಸಾಯಲಾರದೆ ಹೋದದ್ದಕ್ಕೆ. ಪಾಪ, ಅವರಿಗೆ ಅದು ತಿಳಿಯಿತೋ ಇಲ್ಲವೋ.

ತಿಳಿದಿತ್ತು. ಆದರೆ ಅವರು ಸತ್ತದ್ದು ನಗಿಸಲಿಕ್ಕಲ್ಲ. ಈ ಸಲ ಮೂರು ಹೆಜ್ಜೆ ಹಿಂದೆ ಇಲ್ಲ, ಮುಂದೆ ಇಲ್ಲ, ಮಣ್ಣು ಮುಟ್ಟುವುದಿಲ್ಲ. ನಿಂತಲ್ಲೇ ಒಮ್ಮೆ ಕೋಟೆಯ ಕಡೆ ನೋಡಿದರು, ಮೊಣಕಾಲು ತಾನಾಗಿಯೇ ಮಡಚಿತು, ಅನೂಪನ ತೋಳಿಗೆ ಕುಸಿದರು. ಅಷ್ಟೇ. ಯಾರೋ ಮನೆಯ ಹಿರಿಯರು ಅಂಗಳದಲ್ಲಿ ಕುಸಿದ ಹಾಗಿತ್ತು. ನಗು ನಿಂತುಹೋಯಿತು.

ಅನೂಪ್ ಗುರಾಣಿಯನ್ನು ಪಕ್ಕಕ್ಕೆ ಎಸೆದ. ಫೋನ್ ಠಪ್ಪೆಂದಿತು. ತೊಡೆಯ ಮೇಲಿನ ಮುಖ ನೋಡಿಕೊಂಡು ಹೇಳಿದ. “ಹಾ ದಳವಾಯಿ. ಕ್ವಾಟಿ ಕಲ್ಲು ಬಿದ್ರ ಮತ್ತೊಂದು ಕಲ್ಲು ಇಡಬಹುದು. ನೀ ಬಿದ್ದ ಜಾಗಾದಾಗ ಯಾರನ್ನ ನಿಂದರಸ್ಲಿ?” ಹೆಣ ಹೇಳಿಕೊಟ್ಟದ್ದನ್ನೇ, ಹೇಳಿಕೊಟ್ಟ ಹಾಗೆಯೇ. ಬೆಂಗಳೂರಿನ ಹುಡುಗನ ಬಾಯಲ್ಲಿ ಗದಗಿನ ಮಾತು, ಒಬ್ಬರೂ ನಗಲಿಲ್ಲ. ನನಗೆ ಅಳು ಬಂತು. ಹೆಣದ ತುಟಿ ಅಂದು ಮೊದಲ ಸಲ ಅಲ್ಲಾಡಲಿಲ್ಲ. ಅದರ ಮುಚ್ಚಿದ ಕಣ್ಣಿನಿಂದ ನೀರು ಇಳಿಯುತ್ತಿತ್ತು.

ಆಮೇಲೆ ಹಿಂದಿನ ಸಾಲಿನ ಅದೇ ದನಿ, ಈ ಸಲ ನಡುಗುತ್ತಾ, “ವನ್ಸ್ ಮೋರ್,” ಎಂದಿತು. ಇದು ಸಾವಿಗೇ. ಇಡೀ ಸಭೆ ಎದ್ದು ನಿಂತು ಅದನ್ನೇ ಹಿಡಿಯಿತು.

ಸುಮಿತ್ರವ್ವ ಬಾಯಿಂದ ಸೆರಗು ತೆಗೆದರು. ತಮ್ಮ ಸಾಲಿನವರ ಕಾಲು ತುಳಿದುಕೊಂಡು ನಡುದಾರಿಗೆ ಬಂದು ಕೈಯೆತ್ತಿದರು.

“ಸಾಕ್ರಿ! ಯಾರೂ ಅನಬ್ಯಾಡ್ರಿ! ಒಬ್ಬ ಮನಿಷ್ಯಾ ಎಷ್ಟ ಸಲ ಸಾಯಬೇಕ್ರಿ? ನನ್ನ ಕೈಲೆ ನೋಡಾಕ ಆಗವಲ್ದು.” ಸಭೆ ಗಪ್ಪಾಯಿತು. ಆಕೆ ರಂಗದತ್ತ ತಿರುಗಿದರು. “ರೀ, ಏಳ್ರಿ. ನಿಮಗ ಬೇಕಾದ್ದು ಸಿಕ್ತಲ್ಲ. ಏಳ್ರಿ, ಮನಿಗೆ ಹೋಗೂಣು.”

ಸಭಾಂಗಣದ ಎಲ್ಲ ಸ್ಪೀಕರಿನಲ್ಲೂ ಒಂದು ದೊಡ್ಡ ಮೂಗೆಳೆದ ಸದ್ದು ಕೇಳಿಸಿತು. ಆಮೇಲೆ, ಕಣ್ಣು ಮುಚ್ಚಿಕೊಂಡೇ, ದಳವಾಯಿ ಹೇಳಿದರು.

“ಬಂದೆ ತಡೀ. ಮೊದಲ ಯಾರರ ನನ್ನ ಎಬ್ಬಸ್ರಿ.”